ಕಾಣೆಯಾದ ಫೈಲು ಯಾರ ಮನೆಯದು? ಲಿಬ್‌ಪಿಮೆಮ್ ಎರರ್ ಬಂದಾಗ ಮಾಡಬೇಕಾದ್ದು, ಮಾಡಬಾರದ್ದು

ಹೋದ ಮಳೆಗಾಲದ ಶುರುವಿನಲ್ಲಿ ಒಬ್ಬ ಹುಡುಗ ನಮ್ಮ ಅಂಗಡಿಗೆ ಬಂದ. ತುಮಕೂರಿನ ಬಿ.ಎಚ್. ರಸ್ತೆಯಿಂದ ಒಳಗೆ ತಿರುಗಿದರೆ ಸಿಗುವ ಸಣ್ಣ ಅಂಗಡಿ ನಮ್ಮದು. ಕಂಪ್ಯೂಟರ್ ರಿಪೇರಿಯೂ ಉಂಟು, ಜೆರಾಕ್ಸೂ ಉಂಟು. ಹುಡುಗ ಇಂಜಿನಿಯರಿಂಗ್ ಓದುತ್ತಿದ್ದಾನೆ, ಕ್ಯಾತ್ಸಂದ್ರದ ಕಡೆ ರೂಮು ಮಾಡಿಕೊಂಡಿದ್ದಾನೆ. ಸಿಪಿಯು ಡಬ್ಬವನ್ನು ಹಳೇ ಬೆಡ್‌ಶೀಟಿನಲ್ಲಿ ಸುತ್ತಿ, ಸ್ಕೂಟರಿನಲ್ಲಿ ಕಾಲಿಡುವ ಜಾಗದಲ್ಲಿ ಇಟ್ಟುಕೊಂಡು ಬಂದಿದ್ದ.

“ಅಣ್ಣಾ, ಡಿಎಲ್‌ಎಲ್ ಇಲ್ಲ ಅಂತ ಬಂತು. ನೆಟ್‌ನಲ್ಲಿ ಸಿಕ್ತು, ಡೌನ್‌ಲೋಡ್ ಮಾಡಿ ಹಾಕ್ದೆ. ಈಗ ಬೇರೇನೋ ಎರರ್ ಬರ್ತೈತೆ.”

“ಎಲ್ಲಿ ಹಾಕ್ದೆ?”

“ಎಲ್ಲಾ ಕಡೆ.”

ನಗು ಬಂತು, ಆದರೆ ನಗಲಿಲ್ಲ. ತಿಂಗಳಿಗೆ ನಾಲ್ಕೈದು ಜನ ಹೀಗೇ ಬರುತ್ತಾರೆ. ಡಿಎಲ್‌ಎಲ್ ಅಂದರೆ ಪ್ರೋಗ್ರಾಮ್ ಓಡಲು ಬೇಕಾಗುವ ಸಹಾಯಕ ಫೈಲು, ಲೈಬ್ರರಿ ಅಂತಲೂ ಕರೆಯುತ್ತಾರೆ. ಫೈಲಿನ ಹೆಸರು ಬೇರೆ ಬೇರೆ ಇರುತ್ತದೆ, ಕಥೆ ಒಂದೇ. ಇವನದು ಮಾತ್ರ ಸ್ವಲ್ಪ ಅಪರೂಪದ ಹೆಸರು: ಲಿಬ್‌ಪಿಮೆಮ್. ‘ಲಿಬ್’ ಅಂದರೆ ಲೈಬ್ರರಿ, ‘ಪಿಮೆಮ್’ ಅಂದರೆ ಪರ್ಸಿಸ್ಟೆಂಟ್ ಮೆಮೊರಿ. ಕರೆಂಟ್ ಹೋದರೂ ಮರೆಯದ ಮೆಮೊರಿಗೆ ಸಂಬಂಧಪಟ್ಟ ಫೈಲು. ಅವನ ಕಂಪ್ಯೂಟರನ್ನು ಸರಿಮಾಡಿದ ಕ್ರಮವನ್ನೇ ಇಲ್ಲಿ ಬರೆಯುತ್ತಿದ್ದೇನೆ. ಬೇರೆ ಯಾವುದೇ ಡಿಎಲ್‌ಎಲ್ ಎರರ್‌ಗೂ ಮುಕ್ಕಾಲು ಪಾಲು ಇದೇ ದಾರಿ.

ಒಂದು ಮಾತು. ಕಂಪ್ಯೂಟರಿಗೆ ಕೊಡುವ ಆದೇಶಗಳನ್ನು (ಕಮಾಂಡ್) ಕನ್ನಡ ಅಕ್ಷರದಲ್ಲೇ ಬರೆದಿದ್ದೇನೆ, ಗಿರಾಕಿಗಳಿಗೆ ಫೋನಿನಲ್ಲಿ ಹೇಳುವ ಹಾಗೆ. ನೀವು ಟೈಪ್ ಮಾಡುವಾಗ ಇಂಗ್ಲಿಷ್ ಅಕ್ಷರದಲ್ಲಿ ಹೊಡೆಯಿರಿ.

ಮೊದಲು ಮೆಸೇಜನ್ನು ಪೂರ್ತಿ ಓದಿ

ಎರರ್ ಡಬ್ಬಿ ಬಂದ ತಕ್ಷಣ ಓಕೆ ಒತ್ತಿ ಮುಚ್ಚುವುದು ನಮ್ಮೆಲ್ಲರ ಅಭ್ಯಾಸ. ಒತ್ತಬೇಡಿ. ಫೋನಿನಲ್ಲಿ ಒಂದು ಫೋಟೋ ಹೊಡೆದುಕೊಳ್ಳಿ. ಅದರಲ್ಲಿ ಎರಡು ಹೆಸರು ಇರುತ್ತವೆ. ಡಬ್ಬಿಯ ತಲೆಯ ಮೇಲಿರುವುದು ಪ್ರೋಗ್ರಾಮಿನ ಹೆಸರು. ಒಳಗಿರುವುದು ಕಾಣೆಯಾದ ಫೈಲಿನ ಹೆಸರು. ಬರುವವರೆಲ್ಲ ಎರಡನೆಯದನ್ನು ಮಾತ್ರ ಬರೆದುಕೊಂಡು ಬರುತ್ತಾರೆ. ನನಗೆ ಬೇಕಾದದ್ದು ಮೊದಲನೆಯದು.

ಮೆಸೇಜಿನ ಕೊನೆಯ ಸಾಲನ್ನಂತೂ ಯಾರೂ ಓದುವುದೇ ಇಲ್ಲ. ‘ಪ್ರೋಗ್ರಾಮನ್ನು ಮತ್ತೆ ಇನ್‌ಸ್ಟಾಲ್ ಮಾಡಿದರೆ ಸರಿಹೋಗಬಹುದು’ ಎಂದು ವಿಂಡೋಸ್ ಅಲ್ಲೇ ಹೇಳಿರುತ್ತದೆ. ಫೈಲನ್ನು ಹುಡುಕಿ ತನ್ನಿ ಎಂದು ಎಲ್ಲೂ ಹೇಳಿಲ್ಲ. ಹತ್ತರಲ್ಲಿ ಏಳು ಸಲ ಆ ಸಾಲಿನಲ್ಲೇ ಉತ್ತರ ಇರುತ್ತದೆ, ನಾವು ಗೂಗಲ್‌ಗೆ ಓಡಿರುತ್ತೇವೆ.

ಈ ಫೈಲು ಮಾಡುವ ಕೆಲಸ ಏನು?

ಇದನ್ನು ತಿಳಿಯದೆ ಮುಂದೆ ಹೋದರೆ ಸುಮ್ನೆ ಕತ್ತಲಲ್ಲಿ ತಡಕಾಡಿದ ಹಾಗೆ. ಅದಕ್ಕೆ ತಿಪಟೂರಿನ ಕೊಬ್ಬರಿ ಮಂಡಿಗೆ ಹೋಗೋಣ.

ಮಂಡಿಯಲ್ಲಿ ಒಬ್ಬ ಗುಮಾಸ್ತ ಕೂತಿದ್ದಾನೆ ಅಂದುಕೊಳ್ಳಿ. ಮೂಟೆ ತೂಗಿದ ಹಾಗೆಲ್ಲ ಒಂದು ಚೀಟಿಯಲ್ಲಿ ಗೀಚುತ್ತಾ ಹೋಗುತ್ತಾನೆ. ಬೇಗ ಆಗುತ್ತದೆ, ಆದರೆ ಗಾಳಿ ಬಂದರೆ ಚೀಟಿ ಹಾರಿಹೋಯಿತು. ಇದು ರ್‍ಯಾಮ್. ಒಳಗಿನ ಬೀರುವಿನಲ್ಲಿ ಖಾತೆ ಪುಸ್ತಕ ಇದೆ. ಅದರಲ್ಲಿ ಬರೆದದ್ದು ಉಳಿಯುತ್ತದೆ, ಆದರೆ ಪ್ರತಿ ಸಲ ಎದ್ದು ಹೋಗಿ ಬೀರು ತೆಗೆಯಬೇಕು. ಇದು ಡಿಸ್ಕು. ಪರ್ಸಿಸ್ಟೆಂಟ್ ಮೆಮೊರಿ ಅಂದರೆ ಆ ಖಾತೆ ಪುಸ್ತಕವನ್ನೇ ಗುಮಾಸ್ತನ ಕೈಯಳತೆಯಲ್ಲಿ, ಮೇಜಿನ ಮೇಲೆ ತೆರೆದಿಟ್ಟ ಹಾಗೆ. ಚೀಟಿಯೂ ಬೇಡ, ಬೀರುವೂ ಬೇಡ.

ಆದರೂ ಒಂದು ತೊಂದರೆ ಉಳಿಯುತ್ತದೆ. ತೂಕ ಕೂಗಿದ ಮೇಲೆ ಪೆನ್ನು ಕಾಗದಕ್ಕೆ ತಾಗುವ ತನಕ ಲೆಕ್ಕ ಗುಮಾಸ್ತನ ತಲೆಯಲ್ಲಿ ಇರುತ್ತದೆ. ಪ್ರೊಸೆಸರಿನ ಒಳಗಿನ ಕ್ಯಾಶೆ ಅಂದರೆ ಅದೇ. ಆ ಗಳಿಗೆಯಲ್ಲಿ ಕರೆಂಟ್ ಹೋದರೆ ಪುಸ್ತಕದಲ್ಲಿ ಅರ್ಧ ಸಾಲು. ಹಾಗಾಗಿ ಪಕ್ಕದಲ್ಲಿ ನಿಂತು “ಬರೆದಾಯ್ತಾ?” ಎಂದು ಕೇಳಿ, ಬರೆಸಿ, ಆಮೇಲೆ ಮುಂದಿನ ಮೂಟೆಗೆ ಬಿಡುವ ಒಬ್ಬರು ಬೇಕು. ಲಿಬ್‌ಪಿಮೆಮ್ ಮಾಡುವುದು ಈ ಕೆಲಸ. ಅದರಲ್ಲಿ ‘ಪಿಮೆಮ್ ಪರ್ಸಿಸ್ಟ್’ ಎಂಬ ಫಂಕ್ಷನ್ ಇದೆ, ಕ್ಯಾಶೆಯಲ್ಲಿರುವುದನ್ನು ಹೊರಗೆ ತಳ್ಳಿ ಮೆಮೊರಿಗೆ ಸೇರಿಸುತ್ತದೆ. ಇದರ ಮೇಲೆ ಕೂತ ಇನ್ನೊಂದು ಲೈಬ್ರರಿ ಲಿಬ್‌ಪಿಮೆಮ್‌ಆಬ್ಜ್. ಎಂಟ್ರಿ ಅರ್ಧಕ್ಕೆ ನಿಂತರೆ ಪೂರ್ತಿ ಹೊಡೆದುಹಾಕುವ ಜವಾಬ್ದಾರಿ ಅದರದು.

ಇವೆಲ್ಲ ಇಂಟೆಲ್ ಕಂಪನಿ ಶುರು ಮಾಡಿದ ಪಿಎಂಡಿಕೆ ಎಂಬ ಕಟ್ಟಿಗೆ ಸೇರಿದವು. 2017ರ ಡಿಸೆಂಬರ್ ತನಕ ಅದಕ್ಕೆ ಎನ್‌ವಿಎಂಎಲ್ ಎಂಬ ಹೆಸರಿತ್ತು. ಹಳೇ ಪ್ರಾಜೆಕ್ಟ್ ರಿಪೋರ್ಟುಗಳಲ್ಲಿ ಆ ಹೆಸರು ಕಂಡರೆ ಬೇರೆ ಏನೋ ಅಂದುಕೊಳ್ಳಬೇಡಿ. ಓಪನ್ ಸೋರ್ಸ್, ದುಡ್ಡಿಲ್ಲ. ಇದರ ಡಿಎಲ್‌ಎಲ್‌ಗೆ ಯಾರಾದರೂ ಹಣ ಕೇಳಿದರೆ ಅಲ್ಲಿಂದ ಎದ್ದು ಬನ್ನಿ.

ಫೈಲು ಯಾರದು ಎಂದು ಕೇಳಿ

ನನ್ನ ಪ್ರಕಾರ ಇಡೀ ರಿಪೇರಿ ನಿಂತಿರುವುದು ಈ ಒಂದು ಪ್ರಶ್ನೆಯ ಮೇಲೆ. ದಾರಿ ತಪ್ಪಿದ ಮಗು ಸಿಕ್ಕಿದರೆ “ಯಾರ ಮನೆ ಮಗು?” ಅಂತ ಕೇಳುತ್ತೇವೆ, ಅಲ್ವಾ? ಕಂಪ್ಯೂಟರಿನ ಫೈಲಿಗೂ ಹಾಗೇ. ಪರ್ಸಿಸ್ಟೆಂಟ್ ಮೆಮೊರಿಯ ಹೆಸರು ಹೊತ್ತ ಫೈಲುಗಳು ಬೇರೆ ಬೇರೆ ಮನೆಯವು.

ಲಿಬ್‌ಪಿಮೆಮ್, ಲಿಬ್‌ಪಿಮೆಮ್‌ಆಬ್ಜ್ ಈ ಥರದ ಡಿಎಲ್‌ಎಲ್‌ಗಳು ವಿಂಡೋಸಿನವಲ್ಲ. ಯಾವುದೋ ಪ್ರೋಗ್ರಾಮಿನ ಜೊತೆ ಬಂದವು. ಆ ಪ್ರೋಗ್ರಾಮ್ ಕೊಟ್ಟವರೇ ಇವನ್ನೂ ಕೊಡಬೇಕು.

ಪಿಮೆಮ್.ಸಿಸ್, ಎಸ್‌ಸಿಎಂಬಸ್.ಸಿಸ್, ಎನ್‌ವಿಡಿಐಎಂಎಂ.ಸಿಸ್ ಎಂಬ ಡ್ರೈವರ್ ಫೈಲುಗಳೂ ಇವೆ. ಇವು ವಿಂಡೋಸಿನ ಸ್ವಂತ ಮಕ್ಕಳು. ವಿಂಡೋಸ್ ಫೋಲ್ಡರಿನ ಸಿಸ್ಟಮ್32 ಒಳಗಿನ ಡ್ರೈವರ್ಸ್ ಫೋಲ್ಡರಿನಲ್ಲಿ ಇರುತ್ತವೆ. ನಿಮ್ಮ ಕಂಪ್ಯೂಟರಿನಲ್ಲಿ ಅಂಥ ಮೆಮೊರಿ ಇಲ್ಲದಿದ್ದರೂ ಇವು ಅಲ್ಲಿ ಸುಮ್ಮನೆ ಮಲಗಿರುತ್ತವೆ. ‘ನನಗೆ ಬೇಡದ್ದು’ ಎಂದು ಅಳಿಸಲು ಹೋಗಬೇಡಿ. ಇವನ್ನು ಅಳಿಸಿದರೆ ಜಾಗವೂ ಉಳಿಯಲ್ಲ, ಸ್ಪೀಡೂ ಬರಲ್ಲ.

ಇನ್ನು ವಿಸಿರನ್‌ಟೈಮ್140 ಎಂಬ ಹೆಸರಿನ ಡಿಎಲ್‌ಎಲ್. ಇದು ಮೈಕ್ರೋಸಾಫ್ಟಿನದೇ, ಆದರೆ ವಿಷುವಲ್ ಸಿ++ ಎಂಬ ಬೇರೆ ಪ್ಯಾಕೇಜಿನಲ್ಲಿ ಬರುತ್ತದೆ. ಲಿಬ್‌ಪಿಮೆಮ್ ಸಿಕ್ಕಿದ ಮೇಲೆ ಮುಂದಿನ ಎರರ್ ಇದರ ಹೆಸರಿನಲ್ಲಿ ಬರುವುದು ಮಾಮೂಲು.

ನಿಮ್ಮಲ್ಲಿ ಆ ಮೆಮೊರಿ ಇದೆಯಾ, ನೋಡಿ

ಸ್ಟಾರ್ಟ್ ಮೇಲೆ ರೈಟ್ ಕ್ಲಿಕ್ ಮಾಡಿ, ಅಡ್ಮಿನ್ ಆಗಿ ಪವರ್‌ಶೆಲ್ (ವಿಂಡೋಸ್ 11ರಲ್ಲಿ ಟರ್ಮಿನಲ್) ತೆಗೆಯಿರಿ. ‘ಗೆಟ್’ ಎಂದು ಹೊಡೆದು, ಒಂದು ಅಡ್ಡಗೆರೆ ಹಾಕಿ, ಜಾಗ ಬಿಡದೆ ‘ಪಿ ಎಂ ಇ ಎಂ ಡಿಸ್ಕ್’ ಎಂದು ಸೇರಿಸಿ ಎಂಟರ್ ಒತ್ತಿ. ಏನೂ ಬರದಿದ್ದರೆ, ಅಥವಾ ಇಂಥ ಆದೇಶವೇ ಗೊತ್ತಿಲ್ಲ ಎಂದರೆ, ಬಹುಮಟ್ಟಿಗೆ ನಿಮ್ಮಲ್ಲಿ ಅದು ಇಲ್ಲ. ನಮ್ಮ ಅಂಗಡಿಗೆ ಬಂದ ಮನೆ ಕಂಪ್ಯೂಟರುಗಳಲ್ಲಿ ಇದುವರೆಗೆ ಒಂದರಲ್ಲೂ ಇರಲಿಲ್ಲ.

ಇಲ್ಲಿ ಒಂದು ಗೊಂದಲ ಬಿಡಿಸಬೇಕು. 2017ರಲ್ಲಿ ಇಂಟೆಲ್ ‘ಆಪ್ಟೇನ್ ಮೆಮೊರಿ’ ಎಂಬ ಸಣ್ಣ ಪಟ್ಟಿಯನ್ನು ಡೆಸ್ಕ್‌ಟಾಪ್‌ಗೆ ತಂದಿತು, 16 ಜಿಬಿ ಮತ್ತು 32 ಜಿಬಿ. ಹೆಸರಲ್ಲಿ ಮೆಮೊರಿ ಇತ್ತು, ಆದರೆ ಕೂರುತ್ತಿದ್ದದ್ದು ಎಸ್‌ಎಸ್‌ಡಿ ಕೂರುವ ಎಂ.2 ಸ್ಲಾಟಿನಲ್ಲಿ. ನಿಧಾನವಾದ ಹಾರ್ಡ್ ಡಿಸ್ಕಿನ ಮುಂದೆ ನಿಂತು ವೇಗ ಹೆಚ್ಚಿಸುವ ಕೆಲಸ ಅದರದು. 4 ಜಿಬಿ ರ್‍ಯಾಮ್ ಜೊತೆ 16 ಜಿಬಿ ಆಪ್ಟೇನ್ ಹಾಕಿ “20 ಜಿಬಿ ಮೆಮೊರಿ” ಎಂದು ಮಾರಿದವರನ್ನೂ ನೋಡಿದ್ದೇನೆ. ಅಂಥ ಕಂಪ್ಯೂಟರ್ ತಂದವರಿಗೆ ವಿಷಯ ಹೇಳುವುದೇ ಒಂದು ಸಂಕಟ.

ರ್‍ಯಾಮ್ ಸ್ಲಾಟಿನಲ್ಲೇ ಕೂರುವ ನಿಜವಾದ ಆಪ್ಟೇನ್ ಪರ್ಸಿಸ್ಟೆಂಟ್ ಮೆಮೊರಿ ಮಾರುಕಟ್ಟೆಗೆ ಬಂದದ್ದು 2019ರಲ್ಲಿ. 128, 256, 512 ಜಿಬಿ ಪಟ್ಟಿಗಳು, ಜಿಯಾನ್ ಸರ್ವರ್ ಪ್ರೊಸೆಸರ್‌ಗಳಿಗೆ. 2022ರ ಜುಲೈನಲ್ಲಿ ಇಂಟೆಲ್ ಈ ವ್ಯಾಪಾರವನ್ನೇ ಮುಚ್ಚುವುದಾಗಿ ಹೇಳಿತು. ಇನ್ನೊಂದು ಬಗೆ ಎನ್‌ವಿಡಿಐಎಂಎಂ-ಎನ್: ಮಾಮೂಲಿ ರ್‍ಯಾಮ್, ಪಕ್ಕದಲ್ಲಿ ಪೆನ್‌ಡ್ರೈವಿನಲ್ಲಿರುವಂಥ ಫ್ಲ್ಯಾಶ್ ಮೆಮೊರಿ, ಜೊತೆಗೆ ಒಂದಿಷ್ಟು ವಿದ್ಯುತ್ ಹಿಡಿದಿಡುವ ಕೆಪಾಸಿಟರ್. ಕರೆಂಟ್ ಹೋದ ಕೂಡಲೇ ಆ ಉಳಿಕೆ ವಿದ್ಯುತ್ತಿನಲ್ಲಿ ರ್‍ಯಾಮಿನಲ್ಲಿದ್ದದ್ದನ್ನು ಫ್ಲ್ಯಾಶಿಗೆ ಇಳಿಸಿಬಿಡುತ್ತದೆ. ವಿಂಡೋಸ್ ಸರ್ವರ್ 2016 ಮತ್ತು ವಿಂಡೋಸ್ 10 ಪ್ರೊ ಫಾರ್ ವರ್ಕ್‌ಸ್ಟೇಷನ್ಸ್ ಇದನ್ನು ಗುರುತಿಸುತ್ತವೆ. ನಮ್ಮ ನಿಮ್ಮ ಮೇಜಿನ ಮೇಲೆ ಕಾಣುವ ಸರಕಲ್ಲ ಇದು.

ಹಾಗಾದರೆ ಹುಡುಗನ ಕಂಪ್ಯೂಟರ್ ಲಿಬ್‌ಪಿಮೆಮ್ ಯಾಕೆ ಕೇಳಿತು? ಪ್ರೋಗ್ರಾಮ್ ಬರೆದವರು ಅದನ್ನು ಬಳಸಿದ್ದರು, ಅಷ್ಟೇ. ಯಂತ್ರದಲ್ಲಿ ಆ ಮೆಮೊರಿ ಇರಲಿ ಬಿಡಲಿ, ಪ್ರೋಗ್ರಾಮ್ ಏಳಬೇಕಾದರೆ ಲೈಬ್ರರಿ ಜೊತೆಗಿರಲೇಬೇಕು.

ಹಾಕಿದ್ದನ್ನು ಮೊದಲು ತೆಗೆಯಿರಿ

ಡೌನ್‌ಲೋಡ್ ಮಾಡಿದ ಒಂಟಿ ಡಿಎಲ್‌ಎಲ್‌ಗಳನ್ನು ಈಗಾಗಲೇ ಎಲ್ಲೆಲ್ಲೋ ಹಾಕಿದ್ದರೆ, ಅದನ್ನು ಸ್ವಚ್ಛ ಮಾಡದೆ ಮುಂದೆ ಹೋಗಬೇಡಿ. ಹುಡುಗನ ಕಂಪ್ಯೂಟರಿನಲ್ಲಿ ನನಗೆ ಐದು ಕಾಪಿ ಸಿಕ್ಕವು.

ಸಿಸ್ಟಮ್32 ಫೋಲ್ಡರಿನಲ್ಲಿ ಸಾವಿರಾರು ಫೈಲುಗಳಿರುತ್ತವೆ. ಅದರಲ್ಲಿ ನೀವು ಹಾಕಿದ್ದು ಯಾವುದು? ನೋಟವನ್ನು ‘ಡೀಟೇಲ್ಸ್’ಗೆ ಬದಲಿಸಿ. ಮೇಲಿನ ಸಾಲಿನ ಮೇಲೆ ರೈಟ್ ಕ್ಲಿಕ್ ಮಾಡಿ ‘ಡೇಟ್ ಕ್ರಿಯೇಟೆಡ್’ ಕಾಲಂ ಸೇರಿಸಿಕೊಳ್ಳಿ. ‘ಡೇಟ್ ಮಾಡಿಫೈಡ್’ ಅಲ್ಲ, ಅದು ಎಲ್ಲಿಂದಲೋ ಬಂದ ಹಳೇ ತಾರೀಖು ತೋರಿಸಬಹುದು. ಕಾಪಿ ಮಾಡಿದ ದಿನ ಬೀಳುವುದು ‘ಕ್ರಿಯೇಟೆಡ್’ನಲ್ಲಿ. ಆ ಕಾಲಂ ಮೇಲೆ ಕ್ಲಿಕ್ ಮಾಡಿ ಹೊಸದನ್ನು ಮೇಲೆ ತನ್ನಿ. ನೀವು ಅಂಟಿಸಿದ ದಿನದ ಫೈಲು ಕಣ್ಣಿಗೆ ಬೀಳುತ್ತದೆ. ಅಪ್‌ಡೇಟ್ ಆಗಿದ್ದರೆ ವಿಂಡೋಸಿನವೂ ಆ ದಿನ ಬಂದಿರುತ್ತವೆ, ಆದ್ದರಿಂದ ನೀವು ಡೌನ್‌ಲೋಡ್ ಮಾಡಿದ ಹೆಸರಿನದನ್ನು ಮಾತ್ರ ಮುಟ್ಟಿ. ನೇರ ಅಳಿಸುವ ಬದಲು ಡೆಸ್ಕ್‌ಟಾಪಿನಲ್ಲಿ ಒಂದು ಫೋಲ್ಡರ್ ಮಾಡಿ ಅಲ್ಲಿಗೆ ಸರಿಸಿ. ತಪ್ಪಾದರೆ ವಾಪಸ್ ಇಡಬಹುದು.

ಇದೇ ಕೆಲಸವನ್ನು ಸಿಸ್‌ವಾವ್64 ಫೋಲ್ಡರಿನಲ್ಲೂ ಮಾಡಿ. ಈ ಎರಡು ಹೆಸರು ಇಟ್ಟವರಿಗೆ ದೊಡ್ಡ ನಮಸ್ಕಾರ. 64 ಬಿಟ್ ವಿಂಡೋಸಿನಲ್ಲಿ ‘32’ ಎಂದು ಬರೆದ ಫೋಲ್ಡರಿನಲ್ಲಿ 64 ಬಿಟ್ ಫೈಲುಗಳು, ‘64’ ಎಂದು ಬರೆದದ್ದರಲ್ಲಿ 32 ಬಿಟ್ ಫೈಲುಗಳು. ಹಳೇ ಪ್ರೋಗ್ರಾಮುಗಳು ಮುರಿಯಬಾರದೆಂದು ಹಳೇ ಹೆಸರು ಉಳಿಸಿಕೊಂಡರು, ಹೀಗಾಯಿತು. ಬೋರ್ಡು ನೋಡಿ ಫೈಲು ಇಟ್ಟವರು ತಪ್ಪುವುದು ಸಹಜ.

ಹುಡುಗನಿಗೆ ಆಮೇಲೆ ಬರುತ್ತಿದ್ದ ಎರರ್ ನಂಬರು 0ಎಕ್ಸ್‌ಸಿ000007ಬಿ. ಈ ನಂಬರು ಕಂಡರೆ ನಾನು ಮೊದಲು ಅನುಮಾನಿಸುವುದು ಒಂದನ್ನೇ: 64 ಬಿಟ್ ಪ್ರೋಗ್ರಾಮಿಗೆ 32 ಬಿಟ್ ಡಿಎಲ್‌ಎಲ್ ಸಿಕ್ಕಿದೆ, ಅಥವಾ ಇದರ ಉಲ್ಟಾ. ನೋಡಲು ಸಾಫ್ಟ್‌ವೇರ್ ಏನೂ ಬೇಡ. ಡಿಎಲ್‌ಎಲ್‌ನ ಒಂದು ಕಾಪಿಯನ್ನು ನೋಟ್‌ಪ್ಯಾಡಿನಲ್ಲಿ ತೆಗೆಯಿರಿ. ಕಸಕಡ್ಡಿಯಂಥ ಅಕ್ಷರಗಳು ತುಂಬಿರುತ್ತವೆ, ಹೆದರಬೇಡಿ. ಶುರುವಿನ ಕೆಲವು ಸಾಲುಗಳಲ್ಲಿ ಇಂಗ್ಲಿಷಿನ ದೊಡ್ಡ ‘ಪಿ’ ಮತ್ತು ‘ಇ’ ಜೊತೆಯಾಗಿ ಕಾಣುತ್ತವೆ. ಅದರ ಪಕ್ಕದಲ್ಲಿ ದೊಡ್ಡ ‘ಎಲ್’ ಇದ್ದರೆ 32 ಬಿಟ್. ಸಣ್ಣ ‘ಡಿ’, ಅದರ ಮುಂದೆ ಶಿಲುಬೆಯಂಥ ಗುರುತು ಇದ್ದರೆ 64 ಬಿಟ್. ನೋಡಿ ಆದ ಮೇಲೆ ಸೇವ್ ಮಾಡದೆ ಮುಚ್ಚಿ. ಸೇವ್ ಮಾಡಿದರೆ ಫೈಲು ಕೆಟ್ಟಂತೆ.

ಹುಡುಗ ತಂದ ಫೈಲಿನಲ್ಲಿ ‘ಎಲ್’ ಇತ್ತು. ಅಲ್ಲಿಗೆ ನನಗೆ ವಿಷಯ ಗೊತ್ತಾಯಿತು. ಪಿಎಂಡಿಕೆ ಲೈಬ್ರರಿಗಳನ್ನು ಮಾಡಿರುವುದೇ 64 ಬಿಟ್‌ಗೆ. ‘32 ಬಿಟ್ ಲಿಬ್‌ಪಿಮೆಮ್’ ಎಂದು ಕೊಟ್ಟವರು ಕೊಟ್ಟದ್ದು ಏನೋ, ದೇವರಿಗೇ ಗೊತ್ತು. ಅದನ್ನು ಅಳಿಸಿ, ವಿಂಡೋಸಿನ ಆಂಟಿವೈರಸ್ ಡಿಫೆಂಡರಿನಲ್ಲಿ ಫುಲ್ ಸ್ಕ್ಯಾನ್ ಹಾಕಿ, ನಾನು ಟೀ ಕುಡಿಯಲು ಹೋದೆ. ನೀವೂ ಸ್ಕ್ಯಾನ್ ಹಾಕಿ. ಡಿಎಲ್‌ಎಲ್ ಅಂದರೆ ಫೋಟೋ ಥರ ಸುಮ್ಮನೆ ಕೂರುವ ಫೈಲಲ್ಲ, ಒಳಗೆ ಓಡುವ ಪ್ರೋಗ್ರಾಮ್. ಅಡ್ಮಿನ್ ಅನುಮತಿ ಕೊಟ್ಟು ಸಿಸ್ಟಮ್ ಫೋಲ್ಡರಿಗೆ ಹಾಕಿದಿರಿ ಅಂದರೆ ಗುರುತಿಲ್ಲದವನಿಗೆ ಮನೆ ಬೀಗದ ಕೈ ಕೊಟ್ಟ ಹಾಗೆ.

ಕೆಲವು ಕಡೆ ‘ರೆಗ್‌ಎಸ್‌ವಿಆರ್32 ಹಾಕಿ ಡಿಎಲ್‌ಎಲ್ ರಿಜಿಸ್ಟರ್ ಮಾಡಿ’ ಎಂದು ಬರೆದಿರುತ್ತಾರೆ. ಅದು ಒಂದು ಜಾತಿಯ ಡಿಎಲ್‌ಎಲ್‌ಗಳಿಗೆ ಮಾತ್ರ. ಲಿಬ್‌ಪಿಮೆಮ್ ಆ ಜಾತಿಯದಲ್ಲ. ಮಾಡಿದರೆ ‘ಎಂಟ್ರಿ ಪಾಯಿಂಟ್ ಸಿಗಲಿಲ್ಲ’ ಎಂದು ಇನ್ನೊಂದು ಎರರ್ ಬರುತ್ತದೆ, ತಲೆನೋವು ಎರಡಾಗುತ್ತದೆ.

ಈಗ ರಿಪೇರಿ

“ಈ ಪ್ರೋಗ್ರಾಮ್ ಎಲ್ಲಿಂದ ತಂದೆ?” ಎಂದು ಕೇಳಿದೆ.

“ಸೀನಿಯರ್ ಪ್ರಾಜೆಕ್ಟ್ ಅಣ್ಣ. ಪೆನ್‌ಡ್ರೈವ್‌ನಲ್ಲಿ ಕೊಟ್ರು.”

“ಪೆನ್‌ಡ್ರೈವ್ ಐತಾ?”

ಇತ್ತು. ಬ್ಯಾಗಿನ ಸೈಡ್ ಜೇಬಿನಲ್ಲಿ, ಬಸ್ ಪಾಸಿನ ಜೊತೆ. ಚುಚ್ಚಿ ನೋಡಿದರೆ ಪ್ರೋಗ್ರಾಮಿನ ಇಎಕ್ಸ್‌ಇ ಫೈಲಿನ ಪಕ್ಕದಲ್ಲೇ ಲಿಬ್‌ಪಿಮೆಮ್ ಕೂತಿತ್ತು. ಅದರ ಪಕ್ಕ ಲಿಬ್‌ಪಿಮೆಮ್‌ಆಬ್ಜ್. ನಮ್ಮ ಹುಡುಗ ಇಎಕ್ಸ್‌ಇ ಒಂದನ್ನೇ ಡೆಸ್ಕ್‌ಟಾಪಿಗೆ ಎಳೆದುಕೊಂಡಿದ್ದ. ಎರಡು ದಿನ ಇಂಟರ್‌ನೆಟ್ಟೆಲ್ಲ ಹುಡುಕಿದ ಫೈಲು ಅವನ ಬ್ಯಾಗಿನಲ್ಲೇ ಇತ್ತು.

ಪ್ರೋಗ್ರಾಮ್ ಓಡುವಾಗ ವಿಂಡೋಸ್ ಡಿಎಲ್‌ಎಲ್‌ಗೆ ಮೊದಲು ಹುಡುಕುವುದು ಆ ಪ್ರೋಗ್ರಾಮ್ ಇರುವ ಫೋಲ್ಡರಿನಲ್ಲೇ. ಆಮೇಲೆ ಸಿಸ್ಟಮ್ ಫೋಲ್ಡರುಗಳು. ಹಾಗಾಗಿ ಯಾರಾದರೂ ಕೊಟ್ಟ ಪ್ರೋಗ್ರಾಮನ್ನು ಫೋಲ್ಡರ್ ಸಮೇತ ಕಾಪಿ ಮಾಡಿ. ಡೆಸ್ಕ್‌ಟಾಪಿನಲ್ಲಿ ಬೇಕಿದ್ದರೆ ಶಾರ್ಟ್‌ಕಟ್ ಮಾಡಿಕೊಳ್ಳಿ. ಜಿಪ್ ಫೈಲಾದರೆ ಪೂರ್ತಿ ಬಿಚ್ಚಿ ಆಮೇಲೆ ಓಡಿಸಿ, ಜಿಪ್ ಒಳಗಿಂದಲೇ ಡಬಲ್ ಕ್ಲಿಕ್ ಮಾಡಿದರೆ ಇದೇ ಎರರ್ ಬರಬಹುದು.

ಇನ್‌ಸ್ಟಾಲ್ ಮಾಡುವಂಥ ಪ್ರೋಗ್ರಾಮಾದರೆ, ಅನ್‌ಇನ್‌ಸ್ಟಾಲ್ ಮಾಡಿ, ಅದರ ಸ್ವಂತ ವೆಬ್‌ಸೈಟಿನಿಂದಲೇ ಹೊಸ ಇನ್‌ಸ್ಟಾಲರ್ ತಂದು ಹಾಕಿ. ಅದಕ್ಕೂ ಮುಂಚೆ ವಿಂಡೋಸ್ ಸೆಕ್ಯುರಿಟಿಯ ‘ಪ್ರೊಟೆಕ್ಷನ್ ಹಿಸ್ಟರಿ’ಯಲ್ಲಿ ಒಮ್ಮೆ ಕಣ್ಣಾಡಿಸಿ. ಆಂಟಿವೈರಸ್ ಆ ಫೈಲನ್ನು ಹಿಡಿದು ಒಳಗೆ ಹಾಕಿರಬಹುದು. ಹಾಗಿದ್ದರೆ, ಮತ್ತು ಪ್ರೋಗ್ರಾಮ್ ಕ್ರ್ಯಾಕ್ ಮಾಡಿದ್ದಾಗಿದ್ದರೆ, ನಾನಂತೂ ಬಿಡಿಸಿ ಕೊಡುವುದಿಲ್ಲ. ಎಷ್ಟು ಜಗಳ ಆದರೂ ಸರಿ.

ವಿಸಿರನ್‌ಟೈಮ್ ಎರರ್ ಬಂದರೆ ಮೈಕ್ರೋಸಾಫ್ಟ್ ಸೈಟಿನಿಂದ ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಇಳಿಸಿ. ಎಕ್ಸ್64 ಅಂದರೆ 64 ಬಿಟ್‌ದು, ಎಕ್ಸ್86 ಅಂದರೆ 32 ಬಿಟ್‌ದು. ಎರಡನ್ನೂ ಹಾಕಿಬಿಡಿ, ಮುಂದೆ ಬೇರೆ ಪ್ರೋಗ್ರಾಮಿಗೂ ಬೇಕಾಗುತ್ತದೆ. ಫೋಲ್ಡರ್ ಸಮೇತ ಕಾಪಿ ಮಾಡಿದ ಮೇಲೆ ಹುಡುಗನಿಗೂ ಕೊನೆಗೆ ಬೇಕಾದದ್ದು ಇದೊಂದೇ. ಹಾಕಿದೆ, ಪ್ರೋಗ್ರಾಮ್ ಎದ್ದಿತು.

ಕಾಣೆಯಾದದ್ದು ಅಥವಾ ಕೆಟ್ಟದ್ದು ವಿಂಡೋಸಿನ ಸ್ವಂತ ಫೈಲಾಗಿದ್ದರೆ ಮಾತ್ರ ಈ ಮುಂದಿನದು. ಅಡ್ಮಿನ್ ಆಗಿ ಕಮಾಂಡ್ ಪ್ರಾಂಪ್ಟ್ ತೆಗೆದು ಮೊದಲು ಹೀಗೆ ಹೊಡೆಯಿರಿ: ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್. ಪ್ರತಿ ಓರೆಗೆರೆ ಹಾಕುವ ಮುಂಚೆ ಒಂದು ಜಾಗ ಬಿಡಬೇಕು. ಇದು ಸರಿಯಾದ ಫೈಲುಗಳನ್ನು ವಿಂಡೋಸ್ ಅಪ್‌ಡೇಟಿನಿಂದ ತರುತ್ತದೆ, ಹಾಗಾಗಿ ಇಂಟರ್‌ನೆಟ್ ಇರಬೇಕು. ನಡುವೆ ಒಂದು ಕಡೆ ನಿಂತುಹೋದ ಹಾಗೆ ಕಾಣುತ್ತದೆ. ನಿಂತಿಲ್ಲ, ಕಾಯಿರಿ. ಮುಗಿದ ಮೇಲೆ ಎಸ್‌ಎಫ್‌ಸಿ /ಸ್ಕ್ಯಾನ್‌ನೌ ಹೊಡೆಯಿರಿ. ವಿಂಡೋಸಿನ ರಕ್ಷಿತ ಫೈಲುಗಳನ್ನೆಲ್ಲ ತಾಳೆ ನೋಡಿ, ಕೆಟ್ಟದ್ದನ್ನು ಬದಲಾಯಿಸುತ್ತದೆ.

ಲಿಬ್‌ಪಿಮೆಮ್ ಇಲ್ಲ ಎಂದಾಗಲೂ ಜನ ಎಸ್‌ಎಫ್‌ಸಿ ಹಾಕಿ ಅರ್ಧ ಗಂಟೆ ಕಾಯುತ್ತಾರೆ. ‘ಎಲ್ಲ ಸರಿಯಾಗಿದೆ’ ಎಂದು ಅದು ಹೇಳುತ್ತದೆ, ಎರರ್ ಹಾಗೇ ಇರುತ್ತದೆ. ಎಸ್‌ಎಫ್‌ಸಿ ಸುಳ್ಳು ಹೇಳುತ್ತಿಲ್ಲ. ತನ್ನ ಮನೆ ಮಕ್ಕಳನ್ನು ಎಣಿಸಿ ಎಲ್ಲರೂ ಇದ್ದಾರೆ ಎಂದಿದೆ. ಪಕ್ಕದ ಮನೆ ಮಗು ಅದರ ಪಟ್ಟಿಯಲ್ಲೇ ಇಲ್ಲ.

ಲಿನಕ್ಸ್ ಇರುವವರಿಗೆ

ಇಲ್ಲಿ ಕೆಲಸ ಸಲೀಸು. ‘ಲಿಬ್‌ಪಿಮೆಮ್.ಎಸ್‌ಒ.1 ತೆರೆಯಲಾಗಲಿಲ್ಲ’ ಎಂದು ಬಂದರೆ, ಉಬುಂಟು ಅಥವಾ ಡೆಬಿಯನ್‌ನಲ್ಲಿ ಸುಡೊ ಎಪಿಟಿ ಇನ್‌ಸ್ಟಾಲ್ ಲಿಬ್‌ಪಿಮೆಮ್1 ಎಂದು ಹೊಡೆಯಿರಿ, ಕೊನೆಯ ಒಂದನ್ನು ಸೇರಿಸಿಯೇ. ಫೆಡೋರಾದಲ್ಲಿ ಪ್ಯಾಕೇಜಿನ ಹೆಸರಿಗೆ ಆ ಒಂದು ಇಲ್ಲ, ಬರೀ ಲಿಬ್‌ಪಿಮೆಮ್. ಪ್ರೋಗ್ರಾಮಿಗೆ ಇನ್ನೇನು ಬೇಕು ಎಂದು ನೋಡಲು ಎಲ್‌ಡಿಡಿ ಎಂದು ಬರೆದು ಮುಂದೆ ಪ್ರೋಗ್ರಾಮಿನ ಹೆಸರು ಕೊಡಿ. ‘ನಾಟ್ ಫೌಂಡ್’ ಎಂದು ಎಷ್ಟು ಸಾಲು ಬರುತ್ತದೋ ಅಷ್ಟು ಲೈಬ್ರರಿ ಬಾಕಿ.

ಬೇಡ ಎಂದು ತೆಗೆಯುವಾಗ ಮಾತ್ರ ಹುಷಾರು. ಉಬುಂಟುವಿನಲ್ಲಿ ಕ್ಯೂಇಎಂಯು ಎಂಬ ವರ್ಚುವಲ್ ಮಷಿನ್ (ಕಂಪ್ಯೂಟರಿನೊಳಗೆ ಇನ್ನೊಂದು ಕಂಪ್ಯೂಟರ್ ಓಡಿಸುವ) ಪ್ರೋಗ್ರಾಮ್ ಈ ಲೈಬ್ರರಿಯನ್ನು ನೆಚ್ಚಿಕೊಂಡಿದೆ. ಲಿಬ್‌ಪಿಮೆಮ್ ತೆಗೆದರೆ ಅದೂ ಜೊತೆಗೆ ಹೋಗುತ್ತದೆ. ‘ವೈ’ ಒತ್ತುವ ಮುಂಚೆ ಪಟ್ಟಿ ಓದಿ.

ಪ್ರಾಜೆಕ್ಟ್ ಮಾಡುವವರಿಗೆ ಒಂದು ಉಪಾಯ. ಪರ್ಸಿಸ್ಟೆಂಟ್ ಮೆಮೊರಿ ಕೊಳ್ಳದೆಯೇ ಅದರ ಮೇಲೆ ಪ್ರೋಗ್ರಾಮ್ ಬರೆದು ಕಲಿಯಬಹುದು. 16 ಜಿಬಿ ರ್‍ಯಾಮ್ ಇದ್ದರೆ, ಲಿನಕ್ಸನ್ನು ಶುರುಮಾಡುವ ಗ್ರಬ್ ಸೆಟ್ಟಿಂಗಿನ ಕರ್ನಲ್ ಸಾಲಿನಲ್ಲಿ ಮೆಮ್‌ಮ್ಯಾಪ್=4ಜಿ!12ಜಿ ಎಂದು ಸೇರಿಸಿ. 12ನೇ ಜಿಬಿಯಿಂದ ಮುಂದಿನ 4 ಜಿಬಿಯನ್ನು ಪರ್ಸಿಸ್ಟೆಂಟ್ ಮೆಮೊರಿ ಎಂದು ತಿಳಿ, ಎಂದು ಕರ್ನಲ್‌ಗೆ ಹೇಳಿದ ಹಾಗೆ. ಗ್ರಬ್ ಅಪ್‌ಡೇಟ್ ಮಾಡಿ ರೀಸ್ಟಾರ್ಟ್ ಮಾಡಿದರೆ ಡೆವ್ ಫೋಲ್ಡರಿನಲ್ಲಿ ಪಿಮೆಮ್0 ಎಂಬ ಹೊಸ ಡಿಸ್ಕ್ ಕಾಣುತ್ತದೆ. ಅದನ್ನು ಎಕ್ಸ್ಟ್4 ಆಗಿ ಫಾರ್ಮ್ಯಾಟ್ ಮಾಡಿ, ಮೌಂಟ್ ಮಾಡುವಾಗ ಮೆಮೊರಿಯನ್ನು ನೇರ ಮುಟ್ಟಲು ಬಿಡುವ ಡ್ಯಾಕ್ಸ್ ಆಯ್ಕೆ ಕೊಡಿ. ಹೆಸರು ಸರಿಯಾಗಿ ನೋಡಿಕೊಂಡು ಫಾರ್ಮ್ಯಾಟ್ ಮಾಡಿ, ಪಕ್ಕದ ಡಿಸ್ಕ್ ಹೋದರೆ ನನ್ನ ಹತ್ತಿರ ಬರಬೇಡಿ. ಇದು ಬರೀ ನಾಟಕದ ವೇಷ. ಒಳಗಿರುವುದು ಮಾಮೂಲಿ ರ್‍ಯಾಮೇ, ಕಂಪ್ಯೂಟರ್ ಆಫ್ ಮಾಡಿದರೆ ಎಲ್ಲ ಮಾಯ. ಕೋಡು ಸರಿಯಿದೆಯೇ ಎಂದು ನೋಡಲು ಅಷ್ಟು ಸಾಕು.

ಇನ್ನೊಂದು, ಕೋಡು ಬರೆಯುವಾಗ ಬಹಳ ಜನ ಎಡವುವ ಜಾಗ. ಫೈಲು ನಿಜವಾದ ಪರ್ಸಿಸ್ಟೆಂಟ್ ಮೆಮೊರಿಯ ಮೇಲಿದೆಯೇ ಎಂದು ಲಿಬ್‌ಪಿಮೆಮ್ ನಿಮಗೆ ಹೇಳುತ್ತದೆ. ಇಲ್ಲ ಎಂದು ಹೇಳಿದರೆ ಪಿಮೆಮ್ ಪರ್ಸಿಸ್ಟ್ ಕರೆಯಬಾರದು. ಅದರ ಬದಲು ಪಿಮೆಮ್ ಎಂಸಿಂಕ್ ಕರೆಯಬೇಕು. ಮಾಮೂಲಿ ಡಿಸ್ಕಿನ ಫೈಲಿಗೆ ಮೊದಲನೆಯದನ್ನು ಕರೆದರೆ ಎರರ್ ಏನೂ ಬರುವುದಿಲ್ಲ, ಆದರೆ ಡೇಟಾ ಡಿಸ್ಕಿಗೆ ಹೋಯಿತೆಂಬ ಗ್ಯಾರಂಟಿ ಇಲ್ಲ.

ಕರೆಂಟ್ ಹೋದರೆ?

ಪ್ರೋಗ್ರಾಮ್ ಎದ್ದ ಮೇಲೆ ಹುಡುಗ ಖುಷಿಯಾಗಿ ಕೇಳಿದ. “ಅಣ್ಣಾ, ಈಗ ಲಿಬ್‌ಪಿಮೆಮ್ ಐತಲ್ಲ, ಕರೆಂಟ್ ಹೋದ್ರೂ ನಂದೆಲ್ಲಾ ಹಾಗೇ ಇರ್ತದಾ?”

ಇರುವುದಿಲ್ಲ. ಈ ಫೈಲು “ಬರೆದಾಯ್ತಾ?” ಎಂದು ಕೇಳುವವರು ಮಾತ್ರ. ಮೇಜಿನ ಮೇಲೆ ಖಾತೆ ಪುಸ್ತಕವೇ ಇಲ್ಲದಿದ್ದರೆ ಕೇಳಿ ಏನು ಪ್ರಯೋಜನ? ನಿಮ್ಮ ರ್‍ಯಾಮಿಗೆ ನೆನಪಿನ ಶಕ್ತಿ ಕೊಡುವ ಡಿಎಲ್‌ಎಲ್ ಯಾವುದೂ ಇಲ್ಲ. ವರ್ಡ್‌ನಲ್ಲಿ ಟೈಪ್ ಮಾಡಿದ್ದು, ಟ್ಯಾಲಿಯಲ್ಲಿ ಅರ್ಧ ಹಾಕಿದ ಬಿಲ್ಲು, ನುಡಿಯಲ್ಲಿ ಹೊಡೆದ ಲಗ್ನಪತ್ರಿಕೆ, ಇವುಗಳಿಗೂ ಲಿಬ್‌ಪಿಮೆಮ್‌ಗೂ ಸಂಬಂಧವೇ ಇಲ್ಲ.

ಮನೆ, ಅಂಗಡಿ ಕಂಪ್ಯೂಟರಿಗೆ ಬೇಕಾದದ್ದು ಆಟೊಸೇವ್ ಮತ್ತು ಒಂದು ಯುಪಿಎಸ್. ನಮ್ಮ ಕಡೆ ಮುಂಗಾರಿಗೆ ಮುಂಚಿನ ಗುಡುಗು ಮಳೆಯಲ್ಲಿ ಕರೆಂಟ್ ಒಮ್ಮೆಲೇ ಹೋಗುತ್ತದೆ, ಬರುತ್ತದೆ, ಮತ್ತೆ ಹೋಗುತ್ತದೆ. ವರ್ಡ್‌ನ ಆಪ್ಷನ್ಸ್‌ನಲ್ಲಿ ‘ಸೇವ್’ಗೆ ಹೋಗಿ ಆಟೊರಿಕವರ್ ಸಮಯವನ್ನು 10 ನಿಮಿಷದಿಂದ 2 ನಿಮಿಷಕ್ಕೆ ಇಳಿಸಿ. ಒಂದು ಡೆಸ್ಕ್‌ಟಾಪಿಗೆ 600 ವಿಎ ಯುಪಿಎಸ್ ಸಾಮಾನ್ಯವಾಗಿ ಸಾಕು. ಸೇವ್ ಮಾಡಿ ಶಟ್‌ಡೌನ್ ಮಾಡುವಷ್ಟು ಹೊತ್ತು ಸಿಗುತ್ತದೆ. ಪ್ರಿಂಟರನ್ನು ಅದಕ್ಕೆ ಚುಚ್ಚಬೇಡಿ, ಲೇಸರ್ ಪ್ರಿಂಟರನ್ನಂತೂ ಬೇಡವೇ ಬೇಡ.

ಯುಪಿಎಸ್ ಇದ್ದರೆ ಪರೀಕ್ಷೆ ಮಾಡಿ. ಎಲ್ಲ ಸೇವ್ ಮಾಡಿ, ಗೋಡೆಯ ಸ್ವಿಚ್ ಆಫ್ ಮಾಡಿ, ಗಡಿಯಾರ ನೋಡಿ. ಹುಡುಗನ ರೂಮಿನಲ್ಲೂ ಒಂದು ಇತ್ತು, ಮನೆಗೆ ಹೋಗಿ ಹೀಗೇ ಮಾಡು ಎಂದು ಕಳಿಸಿದೆ. ರಾತ್ರಿ ಫೋನು ಬಂತು.

“ಅಣ್ಣಾ, ನಲವತ್ತು ಸೆಕೆಂಡು.”

ಬ್ಯಾಟರಿ ಸತ್ತಿತ್ತು. ಮಾರನೇ ದಿನ ಯುಪಿಎಸ್ಸನ್ನು ಅದೇ ಬೆಡ್‌ಶೀಟಿನಲ್ಲಿ ಸುತ್ತಿಕೊಂಡು ಬಂದ.